ಕರಮ್ಜಿನ್‌ನ ಇತಿಹಾಸವೂ ಬೀದರಿನ ಯಾತ್ರಿಕನೂ

೧

ಒಂದು ದೇಶದ ಇತಿಹಾಸವನ್ನು ವಿದ್ವಾಂಸರಿಗಾಗಿ ಬರೆಯುವುದು ಒಂದು ಬಗೆ. ಓದುಬರಹ ಬಲ್ಲ ಎಲ್ಲರಿಗಾಗಿ ಬರೆಯುವುದು ಇನ್ನೊಂದು ಬಗೆ. ಇವುಗಳಲ್ಲಿ ಮೊದಲನೆಯದು ಕಷ್ಟ, ಎರಡನೆಯದು ಸುಲಭ ಎಂಬ ಭಾವನೆ ನಮ್ಮ ವಿದ್ಯಾಲಯಗಳಲ್ಲಿ ಬೇರೂರಿದೆ. ಮೊದಲನೆಯದಕ್ಕೆ ಆಧಾರಗಳು ಬೇಕು, ಎರಡನೆಯದಕ್ಕೆ ಶೈಲಿಯೊಂದಿದ್ದರೆ ಸಾಕು ಎಂದು ನಾವು ತಿಳಿಯುತ್ತೇವೆ. ಈ ತಿಳಿವಳಿಕೆ ಸರಿಯಲ್ಲವೆಂಬುದನ್ನು ರಷ್ಯದ ಇತಿಹಾಸಕಾರನಾದ ನಿಕೊಲಾಯ್ ಕರಮ್ಜಿನ್‌ನ (೧೭೬೬-೧೮೨೬) ಮಹಾಕೃತಿಯ ಮೂಲಕ ವಿವರಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಇಷ್ಟು ದೂರದ ಉದಾಹರಣೆ ನಮಗೇಕೆ ಎಂದು ಓದುಗರು ಕೇಳಬಹುದು. ನಮ್ಮ ಪದವಿ ತರಗತಿಗಳಲ್ಲಿ ರಷ್ಯದ ವಿಷಯ ಸಾಮಾನ್ಯವಾಗಿ ಆಧುನಿಕ ಯೂರೋಪಿನ ಒಂದು ಭಾಗವಾಗಿ ಬರುತ್ತದೆ. ಮಹಾಪೀಟರ್, ಎರಡನೆಯ ಕ್ಯಾಥರೀನ್, ೧೮೬೧ರ ರೈತವಿಮೋಚನೆ, ೧೯೧೭ರ ಕ್ರಾಂತಿ—ಹೀಗೆ ನಾಲ್ಕಾರು ಹೆಸರುಗಳು, ನಾಲ್ಕಾರು ತೇದಿಗಳು. ಬೋಗಾದಿಯಿಂದ ಮಾನಸಗಂಗೋತ್ರಿಯ ಕಡೆಗೆ ನಡೆದು ಬರುವ ಒಬ್ಬ ವಿದ್ಯಾರ್ಥಿಗೆ ಈ ಹೆಸರುಗಳು ಪರೀಕ್ಷೆಯ ದಿನದವರೆಗೆ ನೆನಪಿದ್ದು ಮರುದಿನ ಮರೆತುಹೋದರೆ ತಪ್ಪು ಅವನದಲ್ಲ. ಆ ಇತಿಹಾಸಕ್ಕೂ ತಾನು ನಿಂತ ನೆಲಕ್ಕೂ ಸಂಬಂಧವುಂಟೆಂದು ಅವನಿಗೆ ಯಾರೂ ತೋರಿಸಿಲ್ಲ; ಅದನ್ನು ಯಾವ ಆಧಾರದಿಂದ ತಿಳಿದರೆಂಬುದನ್ನೂ ಹೇಳಿಲ್ಲ. ಕರಮ್ಜಿನ್‌ನ ಕೃತಿಯಲ್ಲಿ ಈ ಎರಡು ಕೊರತೆಗಳಿಗೂ ಉತ್ತರವಿದೆ. ಆತನ ಆರನೆಯ ಸಂಪುಟದಲ್ಲಿ ನಮ್ಮ ಬೀದರವನ್ನು ಕಂಡುಹೋದ ರಷ್ಯನ್ ವರ್ತಕನೊಬ್ಬನ ಪ್ರಸ್ತಾಪ ಬರುತ್ತದೆ. ಆ ವರ್ತಕನ ಬರೆಹವನ್ನು ಲೋಕದ ಗಮನಕ್ಕೆ ತಂದವನೂ ಕರಮ್ಜಿನ್ನನೇ.

೨

ಕರಮ್ಜಿನ್ ಮೊದಲು ಸಾಹಿತಿ, ಆಮೇಲೆ ಇತಿಹಾಸಕಾರ. ವೋಲ್ಗಾ ನದಿಯ ಸಿಂಬಿರ್ಸ್ಕ್ ಸೀಮೆಯ ಜಮೀನುದಾರ ಮನೆತನದಲ್ಲಿ ಹುಟ್ಟಿದ ಈತ ೧೭೮೯-೯೦ರಲ್ಲಿ ಪಶ್ಚಿಮ ಯೂರೋಪಿನಲ್ಲಿ ಸಂಚರಿಸಿ, ಹಿಂದಿರುಗಿ ಬಂದು, ಮಾಸ್ಕೋದಲ್ಲಿ ಒಂದು ಮಾಸಪತ್ರಿಕೆಯನ್ನು ನಡೆಸಿದನು. ತನ್ನ ಪ್ರವಾಸದ ಪತ್ರಗಳನ್ನೂ ‘ಬಡ ಲೀಜಾ’ ಎಂಬ ಕಥೆಯನ್ನೂ ಅದರಲ್ಲಿ ಪ್ರಕಟಿಸಿ ಜನಪ್ರಿಯನಾದನು. ೧೭೯೨ರಲ್ಲಿ ಅದೇ ಪತ್ರಿಕೆಯಲ್ಲಿ ಕಾಳಿದಾಸನ ಶಾಕುಂತಲದ ಕೆಲವು ದೃಶ್ಯಗಳನ್ನು ರಷ್ಯನ್ ಭಾಷೆಗೆ ತಂದು ಅಚ್ಚುಮಾಡಿದನು. ವಿಲಿಯಂ ಜೋನ್ಸನ ಇಂಗ್ಲಿಷ್ ಅನುವಾದದಿಂದ ಗೆಯೋರ್ಗ್ ಫಾರ್ಸ್ಟರ್ ಜರ್ಮನ್ನಿಗೆ ತಂದಿದ್ದುದೇ ಆತನಿಗೆ ಆಧಾರ. ಮೈಸೂರಿನ ಆಸ್ಥಾನದಲ್ಲಿ ಬಸವಪ್ಪಶಾಸ್ತ್ರಿಗಳು ಶಾಕುಂತಲವನ್ನು ಕನ್ನಡಿಸುವುದಕ್ಕೆ ಹಲವು ದಶಕಗಳ ಮೊದಲೇ ಅದರ ಕೆಲವು ಪುಟಗಳು ಮಾಸ್ಕೋದ ಓದುಗರ ಕೈ ಸೇರಿದ್ದವೆಂಬುದು ನಾವು ನೆನೆಯಬೇಕಾದ ಸಂಗತಿ.

ರಷ್ಯದ ಸುಶಿಕ್ಷಿತ ವರ್ಗ ಆ ಕಾಲದಲ್ಲಿ ಫ್ರೆಂಚನ್ನು ಓದುತ್ತಿತ್ತು, ಫ್ರೆಂಚಿನಲ್ಲಿ ಮಾತನಾಡುತ್ತಿತ್ತು. ಗ್ರೀಸಿನ ಮತ್ತು ರೋಮಿನ ವೀರರನ್ನು ಬಲ್ಲವರಿಗೆ ತಮ್ಮ ದೇಶದ ಹಳೆಯ ದೊರೆಗಳ ಹೆಸರು ತಿಳಿದಿರಲಿಲ್ಲ. ದೇಶದ ಇತಿಹಾಸವನ್ನು ಬರೆದವರು ಇರಲಿಲ್ಲವೆಂದಲ್ಲ; ತತೀಷೇವ್, ಷೆರ್ಬಾತೊವ್ ಮೊದಲಾದವರು ದೊಡ್ಡ ಗ್ರಂಥಗಳನ್ನೇ ಬರೆದಿದ್ದರು. ಆದರೆ ಅವು ಸಾಮಾನ್ಯ ವಾಚಕನನ್ನು ಹಿಡಿದು ನಿಲ್ಲಿಸುವ ಗ್ರಂಥಗಳಾಗಿರಲಿಲ್ಲ. ಕಥೆಯನ್ನು ಹೇಳಬಲ್ಲವನೊಬ್ಬ ಇತಿಹಾಸವನ್ನು ಕೈಗೆತ್ತಿಕೊಳ್ಳಬೇಕಾಗಿತ್ತು. ೧೮೦೩ರಲ್ಲಿ ಒಂದನೆಯ ಅಲೆಕ್ಸಾಂಡರ್ ಚಕ್ರವರ್ತಿ ಕರಮ್ಜಿನ್‌ನನ್ನು ಆಸ್ಥಾನದ ಇತಿಹಾಸಕಾರನನ್ನಾಗಿ ನೇಮಿಸಿ ವರ್ಷಕ್ಕೆ ೨,೦೦೦ ರೂಬಲ್‌ಗಳ ವೇತನವನ್ನು ಗೊತ್ತುಮಾಡಿದನು. ಅಂದಿನಿಂದ ಸಾಯುವವರೆಗೆ ಆತನಿಗೆ ಬೇರೆ ಕೆಲಸವಿರಲಿಲ್ಲ.

ಹದಿನೈದು ವರ್ಷಗಳ ಬಳಿಕ, ೧೮೧೮ರಲ್ಲಿ, ‘ರಷ್ಯಾ ರಾಜ್ಯದ ಇತಿಹಾಸ’ದ ಮೊದಲ ಎಂಟು ಸಂಪುಟಗಳು ಒಟ್ಟಿಗೆ ಹೊರಬಂದವು. ಮುದ್ರಿಸಿದ ೩,೦೦೦ ಪ್ರತಿಗಳೂ ಒಂದು ತಿಂಗಳೊಳಗೆ ಮಾರಿಹೋದವು. ಅಕ್ಷರಸ್ಥರೇ ವಿರಳರಾಗಿದ್ದ ನಾಡಿನಲ್ಲಿ ಎಂಟು ಸಂಪುಟಗಳ ಗ್ರಂಥವೊಂದು ಹೀಗೆ ಖರ್ಚಾದುದು ಸಾಮಾನ್ಯವಲ್ಲ. ಆಗ ಹದಿಹರೆಯ ದಾಟುತ್ತಿದ್ದ ಕವಿ ಪುಷ್ಕಿನ್ ಅದನ್ನು ಆಸಕ್ತಿಯಿಂದ ಓದಿದನು. ಮುಂದೆ ಅದರ ಹತ್ತು ಹನ್ನೊಂದನೆಯ ಸಂಪುಟಗಳಿಂದ ವಸ್ತುವನ್ನು ತೆಗೆದುಕೊಂಡು ‘ಬೋರಿಸ್ ಗೊದುನೋವ್’ ನಾಟಕವನ್ನು ರಚಿಸಿ ಕರಮ್ಜಿನ್‌ನ ಸ್ಮರಣೆಗೆ ಅರ್ಪಿಸಿದನು.

ಇಲ್ಲಿ ಒಂದು ವಿಷಯವನ್ನು ಸ್ಪಷ್ಟಪಡಿಸಿಕೊಳ್ಳಬೇಕು. ರಷ್ಯವು ಸಾಮ್ರಾಜ್ಯವೆಂಬ ಹೆಸರನ್ನು ಧರಿಸಿದುದು ಪೀಟರನ ಕಾಲದಲ್ಲಿ, ೧೭೨೧ರಲ್ಲಿ. ಕರಮ್ಜಿನ್‌ನ ಕಥನವಾದರೋ ಅದಕ್ಕೆ ನೂರು ವರ್ಷಗಳ ಹಿಂದೆಯೇ, ೧೬೧೧ರ ಘಟನೆಗಳಲ್ಲಿ, ಅರ್ಧಕ್ಕೆ ನಿಲ್ಲುತ್ತದೆ. ೧೮೨೬ರಲ್ಲಿ ಆತ ತೀರಿಕೊಂಡ ಮೇಲೆ ಹನ್ನೆರಡನೆಯ ಸಂಪುಟ ೧೮೨೯ರಲ್ಲಿ ಅಚ್ಚಾಯಿತು. ಆದುದರಿಂದ ಅದು ಸಾಮ್ರಾಜ್ಯದ ವೃತ್ತಾಂತವಲ್ಲ. ಸಾಮ್ರಾಜ್ಯದ ಪ್ರಜೆಗಳಿಗೆ ತಮ್ಮ ಪ್ರಭುತ್ವ ಹೇಗೆ ಬೆಳೆದು ಬಂದಿತೆಂಬುದನ್ನು ತಿಳಿಸಲು ಹೊರಟ ವೃತ್ತಾಂತ. ಈ ಉದ್ದೇಶವನ್ನು ಮರೆತರೆ ಅದರ ಗುಣವೂ ದೋಷವೂ ನಮಗೆ ತಿಳಿಯುವುದಿಲ್ಲ.

೩

ಗ್ರಂಥದ ರಚನೆ ಗಮನಾರ್ಹವಾದುದು. ಪ್ರತಿ ಸಂಪುಟದಲ್ಲಿಯೂ ಮುಂದೆ ಕಥನ, ಹಿಂದೆ ಟಿಪ್ಪಣಿಗಳು. ಕಥನಭಾಗದಲ್ಲಿ ಪಂಡಿತರ ವಾದವಿವಾದಗಳಿಲ್ಲ. ಕತೆ ತೊರೆಯಂತೆ ಹರಿಯುತ್ತದೆ. ಟಿಪ್ಪಣಿಭಾಗದಲ್ಲಿ ಹಸ್ತಪ್ರತಿಗಳಿಂದ ಎತ್ತಿಕೊಟ್ಟ ಮೂಲ ಪಾಠಗಳು, ಪಾಠಾಂತರಗಳು, ತೇದಿಗಳ ಚರ್ಚೆ, ಸಂದೇಹಗಳು. ಇಂಥ ಟಿಪ್ಪಣಿಗಳು ಇಡೀ ಗ್ರಂಥದಲ್ಲಿ ಆರು ಸಾವಿರಕ್ಕೂ ಮೀರಿವೆ. ಕತೆಯಷ್ಟನ್ನೇ ಬಯಸುವವನು ಅಲ್ಲಿಗೇ ನಿಲ್ಲಬಹುದು. ಇತಿಹಾಸಕಾರನ ಮಾತನ್ನು ನಂಬದವನು ಪುಟ ತಿರುಗಿಸಿ ತಾನೇ ತೂಗಿ ನೋಡಬಹುದು. ಸಾಮಾನ್ಯ ವಾಚಕನಿಗೆ ಆಧಾರಗಳೇಕೆ ಎಂದು ಕರಮ್ಜಿನ್ ಕೇಳಲಿಲ್ಲ. ಬೇಕಾದಾಗ ಸಿಗುವಂತೆ ಅವುಗಳನ್ನು ಅವನ ಕೈಯಲ್ಲೇ ಇಟ್ಟನು.

ಈ ಟಿಪ್ಪಣಿಗಳಿಗಾಗಿ ಪಟ್ಟ ಶ್ರಮ ಹೊಸ ಆಕರಗಳನ್ನೇ ಬೆಳಕಿಗೆ ತಂದಿತು. ರಷ್ಯದ ದಕ್ಷಿಣ ಭಾಗದ ಇತಿಹಾಸಕ್ಕೆ ಮುಖ್ಯ ಆಧಾರವಾದ ಇಪಾತ್ಯೇವ್ ವೃತ್ತಾಂತದ ಹಸ್ತಪ್ರತಿಯನ್ನು ಆತ ೧೮೦೯ರಲ್ಲಿ ಗುರುತಿಸಿದನು. ಇದಕ್ಕಿಂತಲೂ ಬೋಧಪ್ರದವಾದುದು ತ್ರೋಯಿತ್ಸ ವೃತ್ತಾಂತದ ಕಥೆ. ಹದಿನೈದನೆಯ ಶತಮಾನದ ಆರಂಭದ ಈ ಹಸ್ತಪ್ರತಿಯನ್ನು ಆತನು ಓದಿ ತನ್ನ ಟಿಪ್ಪಣಿಗಳಿಗಾಗಿ ಉದ್ದುದ್ದದ ಭಾಗಗಳನ್ನು ಬರೆದುಕೊಂಡಿದ್ದನು. ೧೮೧೨ರಲ್ಲಿ ನೆಪೋಲಿಯನ್ನನ ಸೇನೆ ಮಾಸ್ಕೋವನ್ನು ಹೊಕ್ಕಾಗ ಹತ್ತಿಕೊಂಡ ಬೆಂಕಿಯಲ್ಲಿ ಆ ಹಸ್ತಪ್ರತಿ ಸುಟ್ಟುಹೋಯಿತು. ಕರಮ್ಜಿನ್‌ನ ಸ್ವಂತ ಪುಸ್ತಕಭಂಡಾರವೂ ಸುಟ್ಟಿತು. ಮುಂದೆ ಪ್ರಿಸೆಲ್ಕೋವ್ ಎಂಬ ವಿದ್ವಾಂಸ ಆ ನಷ್ಟಗ್ರಂಥವನ್ನು ಮತ್ತೆ ಜೋಡಿಸಲು ತೊಡಗಿದಾಗ ಅವನಿಗೆ ದೊರೆತ ದೃಢವಾದ ಆಧಾರಗಳಲ್ಲಿ ಕರಮ್ಜಿನ್‌ನ ಟಿಪ್ಪಣಿಗಳೇ ಮೊದಲನೆಯವು. ಆ ಪುನಾರಚನೆ ೧೯೫೦ರಲ್ಲಿ ಪ್ರಕಟವಾಯಿತು. ಜನಸಾಮಾನ್ಯರಿಗೆಂದು ಬರೆದ ಪುಸ್ತಕದ ಕೊನೆಯ ಪುಟಗಳು ನೂರಮೂವತ್ತು ವರ್ಷಗಳ ತರುವಾಯ ವಿದ್ವಾಂಸರಿಗೆ ಮೂಲ ಆಕರವಾದವು. ಓದುಗನಿಗೆ ಇದೆಲ್ಲ ಬೇಡವೆಂದು ಆತನು ಅವುಗಳನ್ನು ಕೈಬಿಟ್ಟಿದ್ದರೆ ರಷ್ಯದ ಇತಿಹಾಸದ ಎಷ್ಟೋ ಸಾಲುಗಳು ಎಂದೆಂದಿಗೂ ಇಲ್ಲವಾಗುತ್ತಿದ್ದವು.

೪

ಬೀದರಿಗೆ ಸಂಬಂಧಿಸಿದ ಬರೆಹವೂ ಇಂಥದೇ ಶೋಧನೆಯಲ್ಲಿ ದೊರೆತುದು. ಮಾಸ್ಕೋದ ಸಮೀಪದ ತ್ರೋಯಿತ್ಸ-ಸೇರ್ಗಿಯೆವ್ ಮಠದ ಪುಸ್ತಕಭಂಡಾರದಲ್ಲಿ ಹಳೆಯ ವೃತ್ತಾಂತಗಳನ್ನು ನೋಡುತ್ತಿದ್ದಾಗ ಕರಮ್ಜಿನ್‌ನ ಕಣ್ಣಿಗೆ ‘ಮೂರು ಸಮುದ್ರಗಳಾಚೆಯ ಯಾತ್ರೆ’ ಎಂಬ ಬರೆಹ ಬಿದ್ದಿತು. ಅದನ್ನು ಬರೆದವನು ತ್ವೇರ್ ಪಟ್ಟಣದ ವರ್ತಕ ಅಫನಾಸಿ ನಿಕಿತಿನ್. ಈತನ ಯಾತ್ರೆಯ ಕಾಲವನ್ನು ಬಹುಕಾಲ ೧೪೬೬-೭೨ ಎಂದು ಎಣಿಸುತ್ತಿದ್ದರು. ಈಚಿನ ವಿದ್ವಾಂಸರು ೧೪೬೮-೭೪ ಎಂದು ತಿದ್ದಿದ್ದಾರೆ. ಹೇಗಾದರೂ ಅದು ಬಹಮನಿ ಸುಲ್ತಾನ ಮೂರನೆಯ ಮಹಮ್ಮದನ ಆಳ್ವಿಕೆಯ ಕಾಲ, ಮಹಮೂದ್ ಗವಾನನ ಪ್ರಾಬಲ್ಯದ ಕಾಲ.

ನಿಕಿತಿನ್ ಕೀರ್ತಿಗಾಗಿ ಹೊರಟವನಲ್ಲ. ವೋಲ್ಗಾದ ಮುಖದಲ್ಲಿ ದರೋಡೆಗೆ ಸಿಕ್ಕಿ ಸರಕನ್ನು ಕಳೆದುಕೊಂಡು, ಬರಿಗೈಯಲ್ಲಿ ಊರಿಗೆ ಮರಳಲಾರದೆ, ಪಾರಸಿಕ ದೇಶದ ಮೂಲಕ ಹೊರ್ಮುಜ್ ರೇವಿಗೆ ಬಂದು ಅಲ್ಲಿಂದ ಹಡಗೇರಿ ಕೊಂಕಣದ ಚೌಲ್ ಬಂದರಿನಲ್ಲಿ ಇಳಿದನು. ಮಾರುವುದಕ್ಕೆಂದು ಒಂದು ಗಂಡುಕುದುರೆಯನ್ನು ತಂದಿದ್ದನು. ಜುನ್ನರಿನಲ್ಲಿ ಅಲ್ಲಿನ ಅಧಿಕಾರಿ ಅಸದ್‌ಖಾನನು ಕುದುರೆಯನ್ನು ಕಸಿದುಕೊಂಡು, ಮತವನ್ನು ಬಿಟ್ಟರೆ ಹಿಂದಕ್ಕೆ ಕೊಡುವೆನೆಂದನು. ಖುರಾಸಾನದ ಒಬ್ಬನು ನಡುವೆ ಬಂದು ಅದನ್ನು ಬಿಡಿಸಿಕೊಟ್ಟನು. ಕೊನೆಗೆ ಅದು ಮಾರಾಟವಾದುದು ಬೀದರದಲ್ಲಿ.

ಬೀದರದ ವಿಷಯದಲ್ಲಿ ನಿಕಿತಿನ್ ಕಂಡು ಬರೆದುದು ನಮಗೆ ಅಮೂಲ್ಯ. ಸುಲ್ತಾನನು ಇಪ್ಪತ್ತರ ಹರೆಯದವನು, ಅಧಿಕಾರ ಅಮೀರರ ಕೈಯಲ್ಲಿದೆ. ಸುಲ್ತಾನನ ಮೆರವಣಿಗೆಯಲ್ಲಿ ಆನೆಗಳೂ ಕುದುರೆಗಳೂ ವಾದ್ಯದವರೂ ಸಾಗುತ್ತಾರೆ. ಅಮೀರರು ಬೆಳ್ಳಿಯ ಮಂಚಗಳ ಮೇಲೆ ಕುಳಿತು ಹೊರಿಸಿಕೊಂಡು ಓಡಾಡುತ್ತಾರೆ. ನಾಡಿನಲ್ಲಿ ಜನ ಬಹಳ, ಆದರೆ ಹಳ್ಳಿಯವರು ತೀರ ಬಡವರು ಎಂದು ಅವನು ಹೇಳುತ್ತಾನೆ. ಇಂದಿನ ಕಲಬುರಗಿ ಜಿಲ್ಲೆಯ ಆಳಂದದಲ್ಲಿ ಷೇಕ್ ಅಲಾವುದ್ದೀನನ ಹೆಸರಿನಲ್ಲಿ ನಡೆಯುತ್ತಿದ್ದ ಜಾತ್ರೆಯನ್ನೂ, ಅಲ್ಲಿ ಮಾರಾಟಕ್ಕೆ ಬರುತ್ತಿದ್ದ ಕುದುರೆಗಳನ್ನೂ ವರ್ಣಿಸುತ್ತಾನೆ. ತಾನು ಕ್ರೈಸ್ತನೆಂದು ತಿಳಿಸಿದ ಮೇಲೆ ಹಿಂದೂಗಳು ತನ್ನೊಡನೆ ಮುಚ್ಚುಮರೆಯಿಲ್ಲದೆ ಬೆರೆತರೆಂದೂ, ಶಿವರಾತ್ರಿಯ ಕಾಲದಲ್ಲಿ ಅವರ ಜತೆ ಪರ್ವತಕ್ಕೆ, ಎಂದರೆ ಶ್ರೀಶೈಲಕ್ಕೆ, ಹೋದೆನೆಂದೂ ಬರೆದಿದ್ದಾನೆ. ಅವನು ‘ಮೆಲಿಕ್ ತುಚಾರ್’ ಎಂದು ಕರೆಯುವುದು ಮಲಿಕುತ್ತುಜಾರ್ ಬಿರುದಿನ ಮಹಮೂದ್ ಗವಾನನನ್ನು. ೧೪೭೨ರಲ್ಲಿ ಪೂರ್ತಿಯಾದ ಗವಾನನ ಮದರಸ ಇಂದಿಗೂ ಬೀದರದಲ್ಲಿ ನಿಂತಿದೆ. ನಿಕಿತಿನ್ ದಾಭೋಳದಲ್ಲಿ ಹಡಗೇರಿ ಹಿಂದಿರುಗುತ್ತ ತನ್ನೂರನ್ನು ತಲಪದೆ ಸ್ಮೊಲೆನ್ಸ್ಕ್ ಸಮೀಪಿಸುವ ಮುನ್ನವೇ ತೀರಿಕೊಂಡನು. ಅವನ ಬರೆಹವನ್ನು ವರ್ತಕರು ಮಾಸ್ಕೋಗೆ ಒಯ್ದರು. ಅದು ೧೪೭೫ರ ಸುಮಾರಿಗೆ ವೃತ್ತಾಂತಗಳಲ್ಲಿ ಸೇರಿತು.

ಮುನ್ನೂರು ವರ್ಷಗಳಿಗೂ ಮಿಗಿಲಾಗಿ ಕಪಾಟಿನಲ್ಲಿದ್ದ ಈ ಬರೆಹವನ್ನು ಕರಮ್ಜಿನ್ ಕಥನದಲ್ಲಿ ಪ್ರಸ್ತಾಪಿಸಿ, ಟಿಪ್ಪಣಿಯಲ್ಲಿ ಅದರ ಭಾಗಗಳನ್ನು ಕೊಟ್ಟನು. ೧೮೨೧ರಲ್ಲಿ ಪಾವೆಲ್ ಸ್ತ್ರೋಯೆವ್ ಪೂರ್ಣ ಪಾಠವನ್ನು ಅಚ್ಚುಮಾಡಿದನು. ೧೮೫೭ರಲ್ಲಿ ಲಂಡನ್ನಿನ ಹಕ್ಲೂಯ್ಟ್ ಸಂಘವು ಹದಿನೈದನೆಯ ಶತಮಾನದ ಭಾರತಯಾತ್ರಿಕರ ಸಂಕಲನದಲ್ಲಿ ಅದರ ಇಂಗ್ಲಿಷ್ ಅನುವಾದವನ್ನು ಸೇರಿಸಿತು. ನಮ್ಮ ದೇಶದ ವಿದ್ವಾಂಸರು ಬಹಮನಿ ರಾಜ್ಯದ ಸಾಮಾಜಿಕ ಸ್ಥಿತಿಯನ್ನು ಬರೆಯುವಾಗ ನಿಕಿತಿನ್‌ನನ್ನು ಉದಾಹರಿಸುವುದು ಈ ಪರಂಪರೆಯಿಂದ. ಮಾಸ್ಕೋದ ಗೃಹಸ್ಥರು ಓದಲೆಂದು ಬರೆದ ಇತಿಹಾಸವೊಂದು ಹೀಗೆ ಕರ್ನಾಟಕದ ಇತಿಹಾಸಕ್ಕೂ ಒಂದು ಆಕರವನ್ನು ಒದಗಿಸಿತು.

ಆದರೆ ಕರಮ್ಜಿನ್ ಈ ಆಕರದಿಂದ ತೆಗೆದ ತೀರ್ಮಾನವನ್ನು ಪರೀಕ್ಷಿಸದೆ ಒಪ್ಪುವಂತಿಲ್ಲ. ವಾಸ್ಕೋ ಡ ಗಾಮ ಭಾರತದ ದಾರಿಯನ್ನು ಕುರಿತು ಇನ್ನೂ ಆಲೋಚಿಸುತ್ತಿದ್ದಾಗಲೇ ನಮ್ಮ ತ್ವೇರಿನವನು ಮಲಬಾರಿನ ತೀರದಲ್ಲಿ ಸಂಚರಿಸುತ್ತಿದ್ದನೆಂಬ ಅರ್ಥದ ಮಾತನ್ನು ಆತನು ಹೆಮ್ಮೆಯಿಂದ ಹೇಳುತ್ತಾನೆ. ವಾಕ್ಯ ಓದಲು ಸೊಗಸಾಗಿದೆ. ಲೆಕ್ಕ ಮಾತ್ರ ಕೂಡುವುದಿಲ್ಲ. ಗಾಮ ಹುಟ್ಟಿದುದು ೧೪೬೦ರ ದಶಕದಲ್ಲಿ; ನಿಕಿತಿನ್ ಬೀದರದಲ್ಲಿದ್ದಾಗ ಅವನು ಬಾಲಕ. ನಿಕಿತಿನ್ ಬಹುಕಾಲ ಇದ್ದುದು ದಖ್ಖನಿನ ಒಳನಾಡಿನಲ್ಲಿ, ಮಲಬಾರಿನಲ್ಲಲ್ಲ. ಮೇಲಾಗಿ ವೆನಿಸ್ ಸೀಮೆಯ ನಿಕೊಲೊ ಕೊಂತಿ ಅವನಿಗಿಂತ ಅರ್ಧ ಶತಮಾನದ ಹಿಂದೆಯೇ ವಿಜಯನಗರವನ್ನು ಕಂಡಿದ್ದನು. ವಾಚಕರ ಸ್ವದೇಶಾಭಿಮಾನಕ್ಕೆ ಹಿತವಾಗಲೆಂದು ಲೇಖನಿ ಸ್ವಲ್ಪ ಜಾರಿತು. ಜನಪ್ರಿಯ ಇತಿಹಾಸಕ್ಕೆ ಇರುವ ದೊಡ್ಡ ಅಪಾಯ ಇದೇ. ಆದರೂ ಒಂದು ವ್ಯತ್ಯಾಸವುಂಟು: ಕಥನದಲ್ಲಿ ಲೇಖನಿ ಜಾರಿದಾಗ ಅದನ್ನು ತಿದ್ದುವ ಸಾಧನವನ್ನು ಕರಮ್ಜಿನ್ ಟಿಪ್ಪಣಿಯಲ್ಲಿ ತಾನೇ ಒದಗಿಸಿದ್ದಾನೆ.

೫

ಎರಡನೆಯ ಅಪಾಯ ಸಿಂಹಾಸನದಿಂದ ಬರುವುದು. ವೇತನ ಕೊಡುತ್ತಿದ್ದವನು ಚಕ್ರವರ್ತಿ; ಅಚ್ಚಿನ ವೆಚ್ಚಕ್ಕೆ ೬೦,೦೦೦ ರೂಬಲ್ ಕೊಟ್ಟವನೂ ಅವನೇ. ಕರಮ್ಜಿನ್ ಸ್ವತಃ ನಿರಂಕುಶ ಪ್ರಭುತ್ವದಲ್ಲಿ ನಂಬಿಕೆಯಿದ್ದವನು. ೧೮೧೧ರಲ್ಲಿ ತ್ವೇರ್ ಪಟ್ಟಣದಲ್ಲಿ ಅಲೆಕ್ಸಾಂಡರನಿಗೆ ಸಲ್ಲಿಸಿದ ವಿಜ್ಞಾಪನೆಯಲ್ಲಿ ಆತನು ರಾಜನ ಸುಧಾರಣೆಗಳನ್ನು ಟೀಕಿಸಿ, ನೆಲಕ್ಕೆ ಕಟ್ಟುಬಿದ್ದ ರೈತರನ್ನು ಅವಸರದಲ್ಲಿ ಬಿಡುಗಡೆ ಮಾಡುವುದು ಕೂಡದೆಂದು ವಾದಿಸಿದನು. ಇಂಥವನಿಂದ ರಾಜಸ್ತುತಿಯಲ್ಲದೆ ಬೇರೇನನ್ನು ನಿರೀಕ್ಷಿಸಬಹುದು ಎನಿಸುವುದು ಸಹಜ. ಆದರೆ ೧೮೨೧ರಲ್ಲಿ ಹೊರಬಂದ ಒಂಬತ್ತನೆಯ ಸಂಪುಟವು ಈ ನಿರೀಕ್ಷೆಯನ್ನು ಸುಳ್ಳುಮಾಡಿತು. ಅದರ ವಿಷಯ ನಾಲ್ಕನೆಯ ಇವಾನನ ಆಳ್ವಿಕೆಯ ಉತ್ತರಾರ್ಧ: ೧೫೬೫ರಿಂದ ೧೫೭೨ರವರೆಗೆ ನಡೆದ ಒಪ್ರಿಚ್ನಿನದ ಭಯಾಡಳಿತ, ೧೫೭೦ರ ನೋವ್ಗೊರೊದ್ ನಗರದ ಹತ್ಯಾಕಾಂಡ. ಇದಾವುದನ್ನೂ ಆತನು ಮರೆಮಾಚಲಿಲ್ಲ. ಮೃದುಮಾತಿನಲ್ಲಿ ಮುಸುಕಲೂ ಇಲ್ಲ. ರಾಜಪಕ್ಷದ ಇತಿಹಾಸಕಾರನೇ ರಾಜನೊಬ್ಬನನ್ನು ಪ್ರಜಾಪೀಡಕನೆಂದು ನಿರೂಪಿಸಿದುದನ್ನು ಓದಿ ಸಮಕಾಲೀನರು ಬೆರಗಾದರು. ಆತನ ಮತ ಒಂದಿದ್ದರೂ ಆಧಾರಗಳು ಇನ್ನೊಂದನ್ನು ಹೇಳಿದುವು. ಆತನು ಆಧಾರಗಳ ಮಾತನ್ನು ಬರೆದನು.

ಆದರೂ ಗ್ರಂಥದ ಹೆಸರೇ ಅದರ ಎಲ್ಲೆಯನ್ನು ತಿಳಿಸುತ್ತದೆ. ಅದು ರಾಜ್ಯದ ಇತಿಹಾಸ. ಉಳುವವನು ಅದರ ಅಂಚಿನಲ್ಲಿದ್ದಾನೆ. ೧೮೨೯ರಲ್ಲಿ ನಿಕೊಲಾಯ್ ಪೊಲೆವೋಯ್ ತನ್ನ ಗ್ರಂಥಕ್ಕೆ ‘ರಷ್ಯದ ಜನತೆಯ ಇತಿಹಾಸ’ ಎಂದು ಹೆಸರಿಟ್ಟುದು ಇದಕ್ಕೆ ಪ್ರತಿಯಾಗಿಯೇ. ಬೀದರದ ಹಳ್ಳಿಗರ ಬಡತನವನ್ನು ಒಂದು ಸಾಲಿನಲ್ಲಾದರೂ ಹೇಳಿದ ನಿಕಿತಿನ್‌ನ ದೃಷ್ಟಿ ಈ ವಿಷಯದಲ್ಲಿ ಆಸ್ಥಾನದ ಇತಿಹಾಸಕಾರನ ದೃಷ್ಟಿಗಿಂತ ವಿಶಾಲವಾಗಿತ್ತು.

೬

ಇದರಿಂದ ಕನ್ನಡದಲ್ಲಿ ಇತಿಹಾಸವನ್ನು ಹೇಳುವವರು ಕಲಿಯಬೇಕಾದುದೇನು? ೧೯೧೬ರಲ್ಲಿ ಸ್ಥಾಪಿತವಾದ ಮೈಸೂರು ವಿಶ್ವವಿದ್ಯಾನಿಲಯವು ೧೯೩೦ರ ದಶಕದಲ್ಲಿಯೇ ಪ್ರಚಾರೋಪನ್ಯಾಸಗಳನ್ನು ಏರ್ಪಡಿಸಿ, ಅಧ್ಯಾಪಕರು ಊರೂರಿಗೆ ಹೋಗಿ ಕನ್ನಡದಲ್ಲಿ ಮಾತನಾಡಿ, ಆ ಭಾಷಣಗಳು ಕಿರುಹೊತ್ತಗೆಗಳಾಗುವಂತೆ ಮಾಡಿತು. ವಿದ್ಯೆ ವಿದ್ಯಾಲಯದ ಗೋಡೆಯೊಳಗೇ ನಿಲ್ಲಬಾರದೆಂಬ ಆ ಸಂಕಲ್ಪ ನಮಗೆ ದೊರೆತ ಸ್ವತ್ತು. ಅದನ್ನು ಮುಂದುವರಿಸುವಾಗ ಎರಡು ಎಚ್ಚರಗಳು ಅವಶ್ಯ.

ಮೊದಲನೆಯದು ಮಾತಿನ ಎಚ್ಚರ. ರಷ್ಯದಲ್ಲಿ ೧೮೬೧ರವರೆಗೆ ಇದ್ದ ರೈತಬಂಧನವನ್ನು ನಾವು ‘ಜೀತ’ವೆಂದು ಕನ್ನಡಿಸುತ್ತೇವೆ. ನಮ್ಮ ಜೀತ ಹೆಚ್ಚಾಗಿ ಸಾಲದಿಂದ ಹುಟ್ಟಿದುದು. ಸಾಲಗಾರನನ್ನೂ ಅವನ ಮಕ್ಕಳನ್ನೂ ಒಬ್ಬ ಒಡೆಯನಿಗೆ ಕಟ್ಟಿಹಾಕಿದುದು. ೧೯೭೬ರ ಕಾನೂನು ಅದನ್ನು ರದ್ದುಪಡಿಸಿತು. ರಷ್ಯದ ಬಂಧನವಾದರೋ ರಾಜ್ಯದ ಶಾಸನದಿಂದಲೇ ರೈತನನ್ನು ನೆಲಕ್ಕೂ ನೆಲದೊಡೆಯನಿಗೂ ಕಟ್ಟಿದುದು. ರೈತನಿಗೆ ತನ್ನ ಮನೆ, ತನ್ನ ಉಳುಮೆ, ಹಳ್ಳಿಯ ಕೂಟದಲ್ಲಿ ಸ್ಥಾನ ಇದ್ದವು. ಬಿಟ್ಟುಹೋಗುವ ಹಕ್ಕು ಇರಲಿಲ್ಲ. ‘ಜೀತ’ವೆಂಬ ಮಾತನ್ನು ಬಳಸಬಾರದೆಂದು ನಾವು ಹೇಳುವುದಿಲ್ಲ, ಬಳಸಿದಾಗ ಈ ಭೇದವನ್ನು ಒಂದು ವಾಕ್ಯದಲ್ಲಿ ತಿಳಿಸದಿದ್ದರೆ ವಿದ್ಯಾರ್ಥಿ ರಷ್ಯವನ್ನೂ ತಿಳಿಯನು, ತನ್ನ ಊರನ್ನೂ ತಿಳಿಯನು. ‘ಬೊಯಾರ’ರನ್ನು ‘ಸಾಮಂತ’ರೆಂದು ಕರೆಯುವಾಗಲೂ ಇದೇ ಮಾತು ಸಲ್ಲುತ್ತದೆ.

ಎರಡನೆಯದು ಕತೆ ಕಟ್ಟುವ ಆಸೆಯನ್ನು ಕುರಿತ ಎಚ್ಚರ. ೧೭೯೯ರ ಮೇ ೪ರಂದು ಶ್ರೀರಂಗಪಟ್ಟಣ ಬಿದ್ದಿತು. ೧೮೦೧ರ ಜನವರಿಯಲ್ಲಿ ಪಾವೆಲ್ ಚಕ್ರವರ್ತಿ ಡಾನ್ ನದಿಯ ಕೊಸಾಕರ ನಾಯಕ ಓರ್ಲೊವನಿಗೆ ಭಾರತದ ಮೇಲೆ ದಂಡೆತ್ತಿಹೋಗಲು ಅಪ್ಪಣೆ ಮಾಡಿದನು. ಸುಮಾರು ೨೨,೦೦೦ ಕುದುರೆ ಸವಾರರು ಹೊರಟರು; ಮಾರ್ಚಿನಲ್ಲಿ ಪಾವೆಲ್ ಕೊಲೆಯಾಗಿ, ಅವನ ಮಗ ಅಲೆಕ್ಸಾಂಡರ್ ಅವರನ್ನು ಹಿಂದಕ್ಕೆ ಕರೆಸಿದನು. ಮೈಸೂರಿನ ಸಭೆಯಲ್ಲಿ ಮಾತನಾಡುವವನಿಗೆ ಈ ಎರಡು ಘಟನೆಗಳನ್ನು ಒಂದೇ ದಾರದಲ್ಲಿ ಪೋಣಿಸಿ, ಟಿಪ್ಪುವಿನ ಸೋಲಿಗೆ ರಷ್ಯವೇ ಸೇಡು ತೀರಿಸಹೊರಟಿತೆಂದು ಹೇಳುವ ಆಸೆಯಾಗಬಹುದು, ಚಪ್ಪಾಳೆಯೂ ಬಿದ್ದೀತು. ಆದರೆ ಎರಡು ತೇದಿಗಳು ಹತ್ತಿರವಿದ್ದ ಮಾತ್ರಕ್ಕೆ ಒಂದು ಇನ್ನೊಂದಕ್ಕೆ ಕಾರಣವಾಗುವುದಿಲ್ಲ. ಪಾವೆಲ್ ಆಗ ಇಂಗ್ಲೆಂಡಿನೊಡನೆ ಕಡಿದುಕೊಂಡು ಬೋನಪಾರ್ಟನ ಕಡೆಗೆ ವಾಲಿದ್ದನು. ದಂಡಯಾತ್ರೆಯ ಬೇರು ಯೂರೋಪಿನ ರಾಜಕಾರಣದಲ್ಲಿದೆ. ಗಾಮನನ್ನೂ ನಿಕಿತಿನ್‌ನನ್ನೂ ಒಂದು ವಾಕ್ಯದಲ್ಲಿ ಕೂಡಿಸಿದಾಗ ಕರಮ್ಜಿನ್ ಎಡವಿದ ಸ್ಥಳವೂ ಇಂಥದೇ.

ಸಾಮಾನ್ಯ ವಾಚಕನಿಗೆ ಇತಿಹಾಸವನ್ನು ಕೊಡುವುದೆಂದರೆ ತೀರ್ಮಾನಗಳನ್ನು ಅಗಿದು ಉಣಿಸುವುದಲ್ಲ. ಕಥನ ತಿಳಿಯಾಗಿರಬೇಕು; ಅದರ ಬೆನ್ನಿಗೇ ಆಧಾರವಿರಬೇಕು; ಬರೆಯುವವನ ಮತಕ್ಕೆ ವಿರುದ್ಧವಾದ ಸಂಗತಿಗೂ ಅದರಲ್ಲಿ ಸ್ಥಳವಿರಬೇಕು. ನಮ್ಮ ತರಗತಿಗಳಲ್ಲಿ ಇದನ್ನು ಆರಂಭಿಸುವುದಕ್ಕೆ ದೊಡ್ಡ ಏರ್ಪಾಡೇನೂ ಬೇಕಾಗಿಲ್ಲ. ರಷ್ಯದ ಪಾಠದ ಮೊದಲ ದಿನ ನಿಕಿತಿನ್‌ನ ಬೀದರದ ಒಂದೆರಡು ಪುಟಗಳನ್ನು ಕನ್ನಡದಲ್ಲಿ ವಿದ್ಯಾರ್ಥಿಗಳ ಮುಂದಿಟ್ಟು, ಇವನು ಕಂಡುದು ಯಾವುದು, ಕೇಳಿದುದು ಯಾವುದು, ಕರಮ್ಜಿನ್ ಸೇರಿಸಿದುದು ಯಾವುದು ಎಂದು ವಿಂಗಡಿಸಲು ಹೇಳಿದರೆ ಸಾಕು. ಹೀಗೆ ವಿಂಗಡಿಸಲು ಕಲಿತವನಿಗೆ ಪೀಟರನ ಸಾಮ್ರಾಜ್ಯವನ್ನು ಕುರಿತ ಪುಸ್ತಕವನ್ನಾಗಲಿ ತನ್ನ ಊರಿನ ಶಾಸನವನ್ನಾಗಲಿ ಓದುವ ಕ್ರಮ ತಾನಾಗಿಯೇ ಗೊತ್ತಾಗುತ್ತದೆ.